ಬೆಂಚಿನ ಮೂಲೆಯಲ್ಲಿ ಕೂತಿರುವುದು

ಅಂಗಡಿಯಿಂದ,
ಸೋಮವಾರ ಮಧ್ಯಾಹ್ನ

ಮುದ್ದು ಮಗಳೇ,

ಹೇಗಿದ್ದೀಯ? ಹೊತ್ತಿಗೆ ಸರಿಯಾಗಿ ಊಟ ಮಾಡುತ್ತಿದ್ದೀಯ ತಾನೆ? ಗೆಳತಿಯ ಕೋಣೆ ಎಂದು ಸಂಕೋಚಪಟ್ಟು ಅರೆಹೊಟ್ಟೆಯಲ್ಲಿ ಇರಬೇಡ. ಮಗು ಚೆನ್ನಾಗಿದೆ. ಅಜ್ಜಿಯನ್ನು ಹಗಲೆಲ್ಲ ತುದಿಗಾಲಲ್ಲಿ ನಿಲ್ಲಿಸಿ ತಾನು ಮಾತ್ರ ಗಡದ್ದಾಗಿ ನಿದ್ದೆ ಹೊಡೆಯುತ್ತಾಳೆ, ಥೇಟ್ ನಿನ್ನ ಹಾಗೆಯೇ. ಅಳಿಯಂದಿರು ಕೆಲಸದಿಂದ ನೇರ ನಮ್ಮ ಮನೆಗೇ ಬಂದು ಅವಳನ್ನು ಎತ್ತಿಕೊಳ್ಳುತ್ತಾರೆ. ಅವರ ಮಾತು ಕಡಿಮೆಯಾಗಿದೆ.

ಕೂಸನ್ನು ಬಿಟ್ಟುಹೋದವಳು ಎಂಥ ತಾಯಿ ಎಂದು ಆಡುವವರು ಆಡಿದರು. ನಿನ್ನಮ್ಮನೂ ಒಂದು ದಿನ ಅಂದಳು, ಮುಚ್ಚಿಡುವುದಿಲ್ಲ. ನನಗೂ ಏನೂ ತಿಳಿದಿರಲಿಲ್ಲ. ಮೊನ್ನೆ ಅಟ್ಟ ಹತ್ತಿದಾಗ ಹಳೆಯ ಹೊದಿಕೆಯೊಳಗೆ ನೀನು ಕಟ್ಟಿಟ್ಟ ಗಂಟು ಸಿಕ್ಕಿತು. ಅಡುಗೆಮನೆಯ ಚಾಕುಗಳು, ಬಟ್ಟೆ ಕತ್ತರಿಸುವ ಕತ್ತರಿ, ಸೂಜಿಡಬ್ಬಿ, ಅವುಗಳ ಜೊತೆ ಮಗುವಿನ ಮೆತ್ತನೆಯ ದಿಂಬು. ಚಾಕು ನೋಡಿದಾಗ ಏನೂ ಅನ್ನಿಸಲಿಲ್ಲ. ದಿಂಬು ನೋಡಿ ಎದೆ ಝಲ್ಲೆಂದಿತು. ಚಾಕು ಬಚ್ಚಿಟ್ಟ ಮೇಲೆ ಅದು ದಿಂಬಿಗೂ ಬಂತು, ಅಲ್ಲವೇನಮ್ಮಾ?

ಅದನ್ನು ನಾನು ಬಲ್ಲೆ. ನಿನ್ನ ತಾತ ನನ್ನ ಕೈಗೆ ಕ್ಷೌರದ ಕತ್ತಿ ಕೊಟ್ಟ ಹೊಸದು. ಶಾಲೆಯ ಮೇಷ್ಟರು ಕಣ್ಣು ಮುಚ್ಚಿ ಕತ್ತು ಹಿಂದಕ್ಕೆ ಒರಗಿಸಿದ್ದರು. ಉಗುಳು ನುಂಗಿದಾಗ ನೊರೆಯಡಿ ಗಂಟಲು ಆಡುತ್ತಿತ್ತು. ಆಗ ನನ್ನದೇ ದನಿಯಲ್ಲಿ ಯಾರೋ "ಒತ್ತಿಬಿಡು" ಎಂದರು. ಕೋಪವಿಲ್ಲ, ಹಗೆಯಿಲ್ಲ. ಟವೆಲ್ ಕೊಡು ಅನ್ನುವಷ್ಟು ಸಲೀಸಾಗಿ. ಕನ್ನಡಿ ನೋಡಿದೆ, ಹಿಂದೆ ಯಾರೂ ಇರಲಿಲ್ಲ. ಮಾರನೆಯ ದಿನದಿಂದ ಕೈನೋವೆಂದು ಸುಳ್ಳು ಹೇಳಿ ಕತ್ತಿ ಬಿಟ್ಟೆ. ಅದು ಕತ್ತರಿಗೆ ಬಂತು. ಕತ್ತರಿ ಬಿಟ್ಟು, ಗಿರಾಕಿಯ ಕೊರಳಿಗೆ ಬಟ್ಟೆ ಸುತ್ತುವ ಕೆಲಸಕ್ಕೆ ನಿಂತೆ. "ಇನ್ನೂ ಬಿಗಿ" ಎಂದಿತು. ನಾನು ಮನುಷ್ಯನೇ ಅಲ್ಲವೇನೋ ಎಂದು ಹೆದರಿ ಹೋದೆ. ಓಡಿಸಿದಷ್ಟೂ ಬೆನ್ನು ಹತ್ತಿತು.

ಕೊನೆಗೊಂದು ದಿನ ಸಾಕಾಗಿ ಮನಸ್ಸಿನಲ್ಲೇ ಹೇಳಿದೆ: "ಬಂದ್ಯಾ? ಅಲ್ಲಿ ಕೂತ್ಕೋ. ಗಿರಾಕಿ ಇದಾರೆ." ವಾದ ಮಾಡಲಿಲ್ಲ, ಓಡಿಸಲೂ ಇಲ್ಲ. ಮತ್ತೆ ಕತ್ತಿ ಹಿಡಿದು ಗಡ್ಡ ಮುಗಿಸಿದೆ. ಅದು ಹೋಗಿ ಕಿಟಕಿಯ ಪಕ್ಕ, ಬೆಂಚಿನ ಮೂಲೆಯಲ್ಲಿ ಕೂತಿತು. ಇವತ್ತಿಗೂ ಕೂತಿದೆ. ಅದರ ಬಗ್ಗೆ ಅಂಗಡಿಗೆ ಬರುವ ಯಾರ ಹತ್ತಿರವೂ ನಾನು ಬಾಯಿಬಿಟ್ಟಿಲ್ಲ. ಆದರೂ ಬೆಂಚು ತುಂಬಿದಾಗ ಜನ ನಿಂತು ಕಾಯುತ್ತಾರೆಯೇ ಹೊರತು ಆ ಮೂಲೆಯಲ್ಲಿ ಕೂರುವುದಿಲ್ಲ. ಹೋದ ವಾರ ಹೊಸಬನೊಬ್ಬ ಕೂರಲು ಬಗ್ಗಿದವನು ಆ ಖಾಲಿ ಜಾಗಕ್ಕೆ "ಸಾರಿ" ಎಂದು ಹಿಂದೆ ಸರಿದ. ಇರಲಿ ಬಿಡು. ಇಷ್ಟು ವರ್ಷ ಕಾದರೂ ಅದಕ್ಕೆ ಸರದಿ ಬಂದಿಲ್ಲ.

ನನ್ನ ಮಾತೇ ವೇದವಾಕ್ಯ ಅನ್ನುತ್ತಿಲ್ಲ. ನಿನ್ನ ಹೆಸರು ಎತ್ತದೆ ಮನಸ್ಸಿನ ಡಾಕ್ಟರಮ್ಮನನ್ನು ಕೇಳಿದೆ. ಹಸಿ ಬಾಣಂತಿಯರಿಗೆ ಇದು ಬರುವುದುಂಟಂತೆ. ಬಂದ ಯೋಚನೆ ಬೇರೆ, ಆಸೆ ಬೇರೆಯಂತೆ. ಮಗುವಿನ ಮೇಲೆ ಜೀವ ಇಟ್ಟುಕೊಂಡವಳೇ ಅದಕ್ಕೆ ಹೀಗೆ ಬೆಚ್ಚಿಬೀಳುವುದಂತೆ. ಔಷಧಿಯೂ ಇದೆ, ಕೂರಿಸಿಕೊಂಡು ಮಾತಾಡಿ ಗುಣಪಡಿಸುವುದೂ ಇದೆ. "ಒಬ್ಳೇ ಒದ್ದಾಡೋದು ಬೇಡ, ಕರ್ಕೊಂಡ್ ಬನ್ನಿ" ಎಂದರು. ಮನೆಗೆ ಬಂದು ನಿನ್ನಮ್ಮನಿಗೆ ನಿನ್ನದನ್ನೂ ಹೇಳಿದೆ, ನನ್ನದನ್ನೂ ಹೇಳಿದೆ. "ಇಷ್ಟು ವರ್ಷ ಪಕ್ಕದಲ್ಲೇ ಇದ್ದೀನಲ್ಲ, ಒಂದು ಮಾತು ಹೇಳ್ಬಾರ್ದಿತ್ತಾ?" ಎಂದಳು. ಆಮೇಲೆ ನಿನ್ನ ಹಾಸಿಗೆ ಬಿಸಿಲಿಗೆ ಹಾಕಿದಳು.

ಗೆಳತಿಗೆ ನನ್ನ ಆಶೀರ್ವಾದ ತಿಳಿಸು. ನಿನ್ನ ಜೀವಕ್ಕೆ ನೆಮ್ಮದಿ ಸಿಗಲಿ ಕಂದಾ.

ನಿನ್ನ
ಅಪ್ಪ

ಮರೆತಿದ್ದೆ: ಮಗುವಿನ ಕೂದಲು ಕಣ್ಣಿಗೆ ಬೀಳುತ್ತಿದೆ. ನಿನ್ನಮ್ಮ ಕತ್ತರಿಸಿ ಎನ್ನುತ್ತಾಳೆ, ನಾನು ನಿನಗಾಗಿ ಕಾಯುತ್ತಿದ್ದೇನೆ. ಭಾನುವಾರ ಬಾ. ನೀನು ಅವಳನ್ನು ತೊಡೆಯ ಮೇಲೆ ಕೂರಿಸಿಕೋ, ನಾನು ಕತ್ತರಿಸುತ್ತೇನೆ. ನಿನ್ನ ತಲೆಯೊಳಗಿನದು ಏನಾದರೂ ಹೇಳಿಕೊಳ್ಳಲಿ, ನನ್ನದೂ ಹೇಳುತ್ತದೆ. ನೀನು ಅಷ್ಟೇ ಕೂಸಾಗಿದ್ದಾಗ ನಿನ್ನ ಕೂದಲು ಕತ್ತರಿಸಿದವನೂ ನಾನೇ. ಆ ದಿನವಿಡೀ ಅದು ನನ್ನ ಕಿವಿಯಲ್ಲೇ ಇತ್ತು.