ಕ್ಲಾವಾಳಿಗೆ ತಲುಪದ ಚೀಟಿ

ಸ್ವೆರ್ದ್ಲೋವ್ಸ್ಕ್, ೧೨ ಮಾರ್ಚ್ ೧೯೭೮

ಪ್ರೀತಿಯ ಅಜ್ಜಿ,

ಓದುವ ಹೊತ್ತಿನಲ್ಲಿ ಕಾರ್ಡು ಗೀಚುತ್ತಿದ್ದೇನೆ, ಕ್ಷಮಿಸು. ನನ್ನಿಂದ ದೊಡ್ಡ ತಪ್ಪಾಗಿದೆ. ನಿನ್ನೆ ನಮ್ಮ ಕಾಲೇಜಿಗೆ ಹಳೆಯ ಸಿನಿಮಾ ನಟಿ ಕ್ಲಾವ್ದಿಯಾ ವೆರೆಸೋವಾ ಬಂದಿದ್ದರು. ಅವರಿಗೀಗ ಪಾತ್ರಗಳಿಲ್ಲ, ತಮ್ಮ ಚಿತ್ರಗಳ ತುಣುಕು ತೋರಿಸಿ, ಪ್ರೇಕ್ಷಕರು ಕಳಿಸುವ ಚೀಟಿಗಳಿಗೆ ಉತ್ತರಿಸುತ್ತ ಊರೂರು ಸುತ್ತುತ್ತಾರೆ. ಚೀಟಿ ಆರಿಸುವ ಕೆಲಸ ನನ್ನದು. "ಸಿನಿಮಾ ಪ್ರಶ್ನೆ ಮಾತ್ರ ಕೊಡೇ. ಹೋದ್ಸಲ ಯಾವನೋ ತಾತ ಮದುವೆ ಆಗ್ತೀಯಾ ಅಂತ ಕೇಳಿದ್ದ," ಎಂದು ನಮ್ಮ ವಿದ್ಯಾರ್ಥಿ ಸಂಘದ ಕಾರ್ಯದರ್ಶಿ ಗಲೀನಾ ಹೆದರಿಸಿದ್ದಳು. ಅದಕ್ಕೇ ಅವರನ್ನು ಸಲುಗೆಯಿಂದ 'ಕ್ಲಾವಾ' ಎಂದು ಕರೆದು ಶುರುವಾದ ಒಂದು ಚೀಟಿಯನ್ನು ಪೂರ್ತಿ ಓದದೆ ಜೇಬಿಗೆ ಹಾಕಿಕೊಂಡೆ.

ಎಲ್ಲ ಮುಗಿದ ಮೇಲೆ ಓದಿದೆ: "ಕ್ಲಾವಾ, ನಾನು ನಿನ್ನ ತಂಗಿ ತೋನ್ಯಾ, ಕುಂಗೂರಿನಿಂದ ಬಂದಿದ್ದೀನಿ. ಅಮ್ಮನ ಮಣ್ಣಿಗೆ ಬರದೆ ಶೂಟಿಂಗಿಗೆ ಹೋದೆ ಅನ್ನೋ ಸಿಟ್ಟು ಈಗಿಲ್ಲ. ಸ್ಟೇಜಿಂದ ನನ್ನ ಹೆಸರು ಕರೆದ್ರೆ ಬರ್ತೀನಿ, ಇಲ್ದಿದ್ರೆ ಹೊರಟುಹೋಗ್ತೀನಿ."

ಹೋಟೆಲಿಗೆ ಓಡಿ ಕ್ಲಾವ್ದಿಯಾ ಅವರಿಗೆ ಕೊಟ್ಟೆ. ಎರಡು ಸಲ ಓದಿದರು. "ಹಿಂದಿನ ಸಾಲಿಂದ ಒಬ್ಬಳು ಎದ್ದು ಹೋಗಿದ್ದು ನೋಡ್ದೆ ಮಗಳೇ. ನನ್ನ ಸಿನಿಮಾ ಬೇಜಾರಾಯ್ತೇನೋ ಅಂದ್ಕೊಂಡೆ," ಎಂದರು. ಬೈಯಲಿಲ್ಲ, ಟೀ ಕುಡಿಸಿ ಕಳಿಸಿದರು.

ಅಜ್ಜಿ, ತೋನ್ಯಾ ಇರುವುದು ನಮ್ಮೂರು ಕುಂಗೂರಿನಲ್ಲೇ. ಮದುವೆಯಾದ ಮೇಲಿನ ಮನೆತನದ ಹೆಸರು ಅಕ್ಕನಿಗೂ ಗೊತ್ತಿಲ್ಲ. ಎಡಗಾಲು ಸ್ವಲ್ಪ ಕುಂಟಂತೆ. ಬ್ರೆಡ್ಡಿನ ಸಾಲಿನಲ್ಲಿ ನಿಂತಾಗ ವಿಚಾರಿಸು. ಅಕ್ಕ ಬೇಕೆಂದೇ ಕರೆಯದೆ ಇದ್ದದ್ದಲ್ಲ, ಚೀಟಿ ಕೊಡದವಳು ನಿನ್ನ ಮೊಮ್ಮಗಳು ಎಂದು ಹೇಳು. ನನ್ನ ಕೆಮ್ಮು ವಾಸಿಯಾಗಿದೆ. ಕ್ಲಾವ್ದಿಯಾ ತಿಂಗಳ ಕೊನೆಯವರೆಗೆ ಇಲ್ಲೇ ಸ್ವೆರ್ದ್ಲೋವ್ಸ್ಕ್‌ನಲ್ಲಿರುತ್ತಾರೆ. ತೋನ್ಯಾ ಸಿಕ್ಕಿದ ದಿನವೇ ನನಗೆ ಬರೆ.

ನಿನ್ನ ರಿಮ್ಮಾ