ಹೊತ್ತು ನಡೆಯುವವರ ಸದ್ದು

ಮಾರ್ಚ್ 4, ಬೆಳಿಗ್ಗೆ
ಮತ್ತೆ ನಿದ್ದೆ ಇಲ್ಲ. ಕೂಸು ಮಲಗಿಸಿದರೆ ಏಳುತ್ತದೆ, ಎತ್ತಿಕೊಂಡರೆ ಅಳುತ್ತದೆ. ಇವರು ಸ್ಟುಡಿಯೋಗೆ ಹೊರಟರು. ಯುದ್ಧದ ಸಿನಿಮಾ — ಗಡಿಯಾಚೆ ಸಿಕ್ಕಿಬಿದ್ದ ಗಾಯಾಳುವನ್ನು ಕರೆತರಲು ಹೋಗುವ ಸೈನಿಕರ ಕಥೆ. ಇವರದು ಸೌಂಡ್ ಎಡಿಟಿಂಗ್. ತೆರೆಯ ಮೇಲಿನವರ ಹೆಜ್ಜೆಗೆ ಸದ್ದು ಕೊಡುವುದು ನನ್ನ ಕೆಲಸ. ಆಗಿತ್ತು. ಈಗ ಆ ಜಾಗದಲ್ಲಿ ನಾನೇ ತಯಾರು ಮಾಡಿದ ಹುಡುಗಿ.
"ಪರವಾಗಿಲ್ಲ ಕಣೇ, ಚುರುಕಾಗಿದಾಳೆ" ಅಂದರು, ಚಪ್ಪಲಿ ಮೆಟ್ಟುತ್ತಾ.
ಚುರುಕಂತೆ!

ಮಾರ್ಚ್ 5
ಊಟಕ್ಕೆ ಕೂತರೂ ಅವಳದೇ ಮಾತು. ಕೆಸರಿನ ಸದ್ದಿಗೆ ಒದ್ದೆ ಪೇಪರ್ ತುಳಿದಳಂತೆ. ಆ ಉಪಾಯ ಯಾರದು? ನನ್ನದು. ಹೇಳಿದೆ. "ಹೌದಾ?" ಅಂತ ತಟ್ಟೆ ನೋಡಿಕೊಂಡರು.

ಮಾರ್ಚ್ 11
ಎಡವಟ್ಟಾಗಿದೆ. ಗಾಯಾಳುವನ್ನು ಹೊತ್ತು ತರುವ ದೃಶ್ಯದ ಹೆಜ್ಜೆ ಸದ್ದು ಡೈರೆಕ್ಟರ್‌ಗೆ ಹಿಡಿಸಿಲ್ಲ. ಇವರು ಫೋನಿನಲ್ಲಿ ಕೇಳಿಸಿದರು. ತಕ್ಷಣ ಗೊತ್ತಾಯಿತು — ಏನೂ ಹೊರದೆ ನಡೆದಿದ್ದಾಳೆ, ಭಾರ ತೋರಿಸಲು ಜೋರಾಗಿ ತುಳಿದಿದ್ದಾಳೆ. ಹೊತ್ತವನು ತುಳಿಯುವುದಿಲ್ಲ, ಪಾದ ಎಳೆಯುತ್ತಾನೆ.
ಹೇಳಲಿಲ್ಲ. ಹಾಲು ಕುಡಿದಷ್ಟು ಸಂತೋಷ.

ಮಾರ್ಚ್ 12
ಅವಳದೇ ಫೋನು. "ಅಕ್ಕಾ, ಕೈ ಮುಗೀತೀನಿ, ನೀವೇ ಬಂದು ಮಾಡ್ಕೊಡಿ. ಮಗೂನ ನಾನು ನೋಡ್ಕೋತೀನಿ."
"ನೋಡೋಣ" ಅಂದೆ, ಗತ್ತಿನಿಂದ. ಫೋನಿಟ್ಟವಳೇ ಬೀರು ತೆಗೆದು, ಯಾವ ಬಟ್ಟೆ ಮೈಗೆ ಹತ್ತುತ್ತದೆ ಅಂತ ಹುಡುಕಿದೆ.

ಮಾರ್ಚ್ 13, ಮಧ್ಯಾಹ್ನ
ಸ್ಟುಡಿಯೋದಲ್ಲಿ ಮರಳಿನ ಮೂಟೆ ಹೊತ್ತು ಜಲ್ಲಿಯ ಮೇಲೆ ನಡೆದೆ. ಬೆನ್ನು ಬಿದ್ದುಹೋಯಿತು. ಡೈರೆಕ್ಟರ್ ಎದ್ದು ನಿಂತರು — "ಇದಮ್ಮಾ ನಡಿಗೆ! ಎಲ್ಲಿದ್ರಿ ಇಷ್ಟು ದಿನ?" ಗೆದ್ದೆ ಅಂದುಕೊಂಡು ಗಾಜಿನಾಚೆ ನೋಡಿದೆ.
ಅವಳ ಹೆಗಲ ಮೇಲೆ ಕೂಸು. ಬಾಯಿ ತೆರೆದುಕೊಂಡು ಗಾಢ ನಿದ್ದೆ. ಪಕ್ಕದಲ್ಲಿ ಇವರು, ತುಟಿಗೆ ಬೆರಳಿಟ್ಟು, ನನಗೇ "ಶ್" ಅನ್ನುತ್ತಿದ್ದಾರೆ!
ನನ್ನ ಹೆಗಲಲ್ಲೇನು ಮುಳ್ಳಿದೆಯೇ?
"ಅಳಲೇ ಇಲ್ಲ ಅಕ್ಕಾ, ಬಂಗಾರ! ನಾಳೆ ಕ್ಲೈಮ್ಯಾಕ್ಸೂ ನೀವೇ ಮಾಡಿ. ಇದನ್ನ ನೋಡ್ಕೊಳ್ಳೋಕೆ ನಾನಿದೀನಲ್ಲ."

ಸಂಜೆ
ನಾಳೆ ಹೋಗುತ್ತೇನೆ. ಕೂಸನ್ನು ಅತ್ತೆಯ ಹತ್ತಿರ ಬಿಡುತ್ತೇನೆ ಅಂದೆ.
ಇವರು ಕಣ್ಣು ಬಿಟ್ಟರು. "ಅಮ್ಮನ ಹತ್ರ ಒಂದು ಗಳಿಗೆ ನಿಲ್ಲಲ್ಲ ಕಣೇ. ಅತ್ತು ಅತ್ತು ಮನೆ ಕಿತ್ತು ಹಾಕುತ್ತೆ. ಅವಳ ಹತ್ರ ಆದ್ರೆ ಹಾಯಾಗಿ..."
ಗೊತ್ತು. ಅದಕ್ಕೇ. ಅಳಲಿ. ನಾನು ಬರುವವರೆಗೂ ಅಳಲಿ. ಅವಳ ಹೆಗಲ ಮೇಲೆ ಮಾತ್ರ ಮಲಗಬಾರದು.