ಆಳಿನ ಪಾಲಿಗೆ ಹೋದ ಮಾತು

ಮದ್ರಾಸು
೧೦ ಫೆಬ್ರುವರಿ ೧೯೫೮

ಪ್ರೀತಿಯ ಅಕ್ಕ ಶಂಕ್ರವ್ವಳಿಗೆ ತಮ್ಮನ ನಮಸ್ಕಾರಗಳು.

ದೀಪಾವಳಿಗೆ ನೀನು ಬರೆದ ಕಾಗದಕ್ಕೆ ಶಿವರಾತ್ರಿ ಹತ್ತಿರ ಬಂದಾಗ ಉತ್ತರ ಬರೆಯುತ್ತಿದ್ದೇನೆ. ಬೈಯಬೇಡ. ಬೈದರೂ ನಡೆದೀತು, ನಮ್ಮ ಮಾತಿನಲ್ಲಿ ನನ್ನನ್ನು ಬೈಯುವವರು ಇಲ್ಲಿ ಯಾರೂ ಇಲ್ಲ. ಆರೋಗ್ಯ ನೆಟ್ಟಗಿದೆ. ಮೂರು ಹೊತ್ತೂ ಅನ್ನ ತಿಂದು ನಾಲಿಗೆ ಸತ್ತಿದೆ, ಅಷ್ಟೆ.

ಸಿನಿಮಾದಲ್ಲಿ ನಿನ್ನ ಕೆಲಸವಾದರೂ ಏನು ಎಂದು ನೀನು ಕೇಳಿದ್ದೆ. ನಾಯಕ, ನಾಯಕಿಯರ ಮಾತನ್ನು ಮೈಸೂರು ಕಡೆಯ ದೊಡ್ಡವರು ಬರೆಯುತ್ತಾರೆ. ಆಳು, ಅಡಿಗೆಯವ, ಪೆದ್ದ ಅಳಿಯ, ಇವರ ಮಾತು ನನ್ನದು. ಇವರೆಲ್ಲ ನಮ್ಮ ಗಜೇಂದ್ರಗಡದವರ ಹಾಗೆ ಮಾತಾಡಬೇಕು, ಅದನ್ನು ಕೇಳಿದರೇ ಇಲ್ಲಿಯವರಿಗೆ ನಗು. ಇಷ್ಟು ವರ್ಷ ನಗಿಸಿ ನಗಿಸಿ ಸಾಕಾಗಿದೆ, ಅಕ್ಕ. ಪರದೆಯ ಮೇಲೆ ನನ್ನ ಹೆಸರು ಒಮ್ಮೆಯೂ ಬಂದಿರಲಿಲ್ಲ.

ಈ ಸಲ ಹಟ ಹಿಡಿದು, ನಾಯಕನ ತಾಯಿ ಸಾಯುವ ದೃಶ್ಯವನ್ನು ನಾನೇ ಬರೆದೆ. ಕಥೆಯಲ್ಲಿ ಅವಳು ಮಗ್ಗ ನಡೆಸುವವಳು. ನಮ್ಮ ಓಣಿಯ ಹೆಂಗಸು ಮಾತಾಡುವ ಹಾಗೆಯೇ ಬರೆದು ಎಲ್ಲರ ಮುಂದೆ ಓದಿದೆ. ನಿರ್ಮಾಪಕರು ಹೊಟ್ಟೆ ಹಿಡಿದುಕೊಂಡು ನಕ್ಕರು.

"ಅಯ್ಯಪ್ಪನೋರೆ, ಇದು ಅಳೋ ಸೀನು ಕಣ್ರೀ! ಆದ್ರೂ ಮಾತು ಬಿಡೋದು ಬೇಡ, ಮಗ್ಗದ ಆಳಿಗೆ ಕೊಟ್ಬಿಡಿ" ಎಂದರು.

ತಾಯಿಗೆ ಬೇರೆಯವರು ಪುಸ್ತಕದ ಮಾತು ಬರೆದುಕೊಟ್ಟರು. ನನ್ನದನ್ನು, ಹೋಳಿಗೆ ತಿಂದು ಹೊಟ್ಟೆ ಉಬ್ಬಿ ಹೊರಳಾಡುವ ಆಳು ಆಡಿದ. ಅದು ಎಷ್ಟು ಹಿಡಿಸಿತೆಂದರೆ ಈ ಸಲ ನನ್ನ ಹೆಸರನ್ನೂ ಹಾಕಿದ್ದಾರೆ.

ಅಪ್ಪ ಓಣಿಗೆಲ್ಲ ಸಾರುತ್ತಿರುವುದನ್ನು ನೀನು ಬರೆದಿದ್ದೆ: "ನನ್ನ ಮಗನ ಹೆಸರ ಬಂದ ದಿನಾ ಸಿನಿಮಾ ಡೇರೇದಾಗ ಎಲ್ಲಾರ್ಕಿಂತ ಮುಂದ ಕುಂತ ನೋಡ್ತೀನಿ. ನೀವೂ ಬರ್ರಿ!" ಓದಿ ಕಾಗದ ಮಡಚಿಟ್ಟೆ. ತುಂಬ ದಣಿದಿದ್ದೇನೆ.

ಮಾವನಿಗೆ ನಮಸ್ಕಾರ ತಿಳಿಸು. ರೇಣವ್ವ ಸಾಲೆ ತಪ್ಪಿಸದಿರಲಿ. ಅವಳಿಗೆ ನನ್ನ ಆಶೀರ್ವಾದ.

ನಿನ್ನ ತಮ್ಮ
ಅಯ್ಯಪ್ಪ

ತಾ.ಕ.: ಚಿತ್ರ ಯುಗಾದಿಗೆ ನಮ್ಮೂರ ಡೇರೆಗೆ ಬರುತ್ತದಂತೆ. ಅಪ್ಪನನ್ನು ಹೇಗಾದರೂ ತಡೆ. ಆಳು ಆಡುವ ಆ ಮಾತು ನಾನು ಕಟ್ಟಿದ್ದಲ್ಲ. ಕೊನೆಯ ದಿನ ಅವ್ವ ನಮ್ಮ ಕೈ ಹಿಡಿದು ಹೇಳಿದ್ದು: "ಸೆರಗೊಂದ ಉಳದೈತಿ. ನಾ ಹೋದ್ನೆಂತ ಮಗ್ಗಾ ನಿಲ್ಲಸಬ್ಯಾಡ್ರಿ. ಸೀರಿ ನೇದು ಮುಗಿಸಿ, ಆಮ್ಯಾಲ ಅಳ್ರಿ." ಮೊನ್ನೆ ಇಲ್ಲಿ ಚಿತ್ರ ತೋರಿಸಿದಾಗ ಎಲ್ಲರೂ ಬಿದ್ದು ಬಿದ್ದು ನಕ್ಕರು. ಆ ನಟ ಒಳ್ಳೆಯ ನಟ, ಅಕ್ಕ. ಎಲ್ಲರ ಜೊತೆ ನಾನೂ ನಕ್ಕುಬಿಟ್ಟೆ. ಡೇರೆಯಲ್ಲಿ ಅಪ್ಪ ಅತ್ತರೆ ಹೇಗೋ ತಡೆದುಕೊಂಡೇನು. ನಕ್ಕುಬಿಟ್ಟರೆ?